ಲಿಫ್ಟಿಗೆ ಇಪ್ಪತ್ತು ತೇತ್ರಿ

ತ್ಬಿಲಿಸಿಯ ಈ ತುದಿಯಲ್ಲಿ, ನಮ್ಮ ಗ್ಲ್ದಾನಿಯಲ್ಲಿ,
ಲಿಫ್ಟಿಗೂ ಹೊಟ್ಟೆಯಿದೆ.
ಇಪ್ಪತ್ತು ತೇತ್ರಿ ನುಂಗದೆ ಮೇಲೇರುವುದಿಲ್ಲ.
ಇಳಿಯುವುದು ಪುಕ್ಕಟೆ,
ಎಲ್ಲ ಊರಲ್ಲೂ ಇರುವ ಹಾಗೆ.

ಎಲಿಸೋ ಅದರೊಳಗೇ ನಾಟಕ ಕಟ್ಟಿದಳು.
ರಂಗಮಂದಿರದ ಬಾಡಿಗೆ ಕೇಳಿಕೊಂಡು ಬಂದ ಸಂಜೆ
ಟೇಪು ಹಿಡಿದು ಅಳೆದಳು: ಮೂರಡಿಗೆ ಮೂರೂವರೆ.
"ಸಾಕು," ಅಂದಳು,
"ತೋಳು ಚಾಚುವ ಪಾತ್ರ ಬರೆಯದಿದ್ದರಾಯಿತು."

ಒಂಬತ್ತು ಮಹಡಿ, ಒಬ್ಬಳು ಹೆಂಗಸು,
ಒಬ್ಬನೇ ಪ್ರೇಕ್ಷಕ, ಅವನದೇ ನಾಣ್ಯ.
ಬಟನ್ನುಗಳ ಮೇಲೆ, ಚೂಯಿಂಗ್ ಗಮ್ಮಿನ ಆಸರೆಯಲ್ಲಿ
ಗಾಜೊಡೆದ ಫೋನು. ಅದು ಸಿನಿಮಾ.
ನಾನು ಒಂಬತ್ತನೆಯದರಲ್ಲಿ, ಫ್ಲಾಸ್ಕು ಹಿಡಿದು:
ಬೆಳಕು, ವಸ್ತ್ರ, ನಿರ್ಮಾಣ, ಚಹಾ.

ಹಗಲು ಅವಳ ಗಂಟಲು ಬೇರೆಯವರದು.
ತುರ್ಕಿ ಧಾರಾವಾಹಿಯ ಸೊಸೆಯರಿಗೆ
ನಮ್ಮ ಭಾಷೆಯಲ್ಲಿ ಅಳುತ್ತಾಳೆ, ಕಂತಿಗೆ ಇಷ್ಟು ಅಂತ.
ಶನಿವಾರ ಮಕ್ಕಳ ನಾಟಕದಲ್ಲಿ ಕತ್ತೆಯ ಹಿಂಭಾಗ;
ಮುಂಭಾಗದವನು ನಾಟಕಶಾಲೆಯಲ್ಲಿ ಓದಿದವನು.
ರಂಗದವರು ಕೇಳುತ್ತಾರೆ, ಸಿನಿಮಾಕ್ಕೆ ಹೋದೆಯಂತೆ?
ಸಿನಿಮಾದವರು ಹೇಳುತ್ತಾರೆ, ನಾಟಕ ಕಮ್ಮಿ ಮಾಡು.
ಎರಡು ಮನೆಯ ನಂಟು:
ಅಲ್ಲಿ ಉಂಡಿರಬೇಕೆಂದು ಇವರು,
ಇಲ್ಲಿ ಉಂಡಿರಬೇಕೆಂದು ಅವರು.

ಫೆಬ್ರವರಿಯ ಆ ಗುರುವಾರ ಬರುತ್ತೇನೆಂದವನು ಬರಲಿಲ್ಲ.
ಬಂದವನು ಏಳನೆಯ ಮಹಡಿಯ ನೋದಾರ್,
ಕಂಕುಳಲ್ಲಿ ದೋಣಿಯಂಥ ಬಿಸಿ ರೊಟ್ಟಿ.
ನಾಟಕವೆಂದು ಅವನಿಗೆ ಯಾರೂ ಹೇಳಿಲ್ಲ.
ನಾಣ್ಯ ಹಾಕಿದ. ಇವಳು ಶುರುಮಾಡಿಯೇಬಿಟ್ಟಳು:
"ನಾನು ಈ ಮನೆ ಬಿಟ್ಟು ಹೋಗುತ್ತಿದ್ದೇನೆ."
"ಹೋಗು ತಾಯಿ," ಅಂದ, "ಹೊರಗೆ ಚಳಿ, ಟೊಪ್ಪಿ ಹಾಕಿಕೋ."

ಐದು ದಾಟಿತು. ಆರಕ್ಕೆ ಮುನ್ನ ಕರೆಂಟು ಹೋಯಿತು.

ರಂಗದ ಕತ್ತಲೆಯಲ್ಲ ಅದು,
ಆಮೇಲೆ ಬೆಳಕು ಬಂದೀತೆಂಬ ಕರಾರಿನದಲ್ಲ.
ತಂತಿಯ ಕಿರುಗುಟ್ಟು. ರೊಟ್ಟಿಯ ಘಮ.
ಆರನೆಯ ಮಹಡಿಯ ಮಾತನ್ನು
ಆರನೆಯ ಮಹಡಿ ಬಾರದೆ ಆಡುವುದು ಹೇಗೆ?

ಆಗ ನೋದಾರ್ ಶುರುಮಾಡಿದ.
ದೋದೋ ಇದೇ ಲಿಫ್ಟಿನಲ್ಲಿ ಇಳಿದದ್ದು,
ಸ್ಟ್ರೆಚರು ಹಿಡಿಸದೆ ಅಡುಗೆಮನೆಯ ಕುರ್ಚಿಯಲ್ಲಿ ಕೂತು;
ಇಳಿಯಲು ದುಡ್ಡು ಬೇಡವೆಂಬುದೇ ಮರೆತು
ತಾನು ಜೇಬು ತಡಕುತ್ತಲೇ ಇದ್ದದ್ದು;
ಅಂಥ ಹೊತ್ತಲ್ಲೂ ಅವಳು ಗದರಿದ್ದು,
"ಇಟ್ಟುಕೋ ಮಾರಾಯ, ಹತ್ತುವಾಗ ಬೇಕಾಗುತ್ತೆ."

ನಲವತ್ತು ನಿಮಿಷ.
ಎಲಿಸೋ ತುಟಿ ಬಿಚ್ಚಲಿಲ್ಲ.
ಅವಳ ಅಭಿನಯದಲ್ಲಿ ಅದಕ್ಕೆ ಸಾಟಿಯಿಲ್ಲ ಅನ್ನುತ್ತೇನೆ;
ಕಂಡವರಿಲ್ಲ, ನಾನೂ ಸೇರಿ.

ಫೋನು ಮಾತ್ರ ನೋಡುತ್ತಲೇ ಇತ್ತು: ಬರೀ ಕಪ್ಪು.
ಕಪ್ಪಿನೊಳಗೆ ರೊಟ್ಟಿ ಮುರಿಯುವ ಸದ್ದು,
ಇಬ್ಬರು ಅಗಿಯುವ ಸದ್ದು.

ಆಮೇಲೆ ನಮ್ಮ ಜಗಳ.
"ಇದೇ ಸಿನಿಮಾ," ಅಂದೆ.
"ಅವನು ಆಡಿದ್ದು ನಾಟಕ," ಅಂದಳು,
"ಆಡಿದ ಮೇಲೆ ಉಳಿಯಕೂಡದು."
"ಹಾಗಾದರೆ ಅಳಿಸು."
ಅಳಿಸಲಿಲ್ಲ. ಅವನನ್ನು ಕೇಳಲೂ ಇಲ್ಲ.
ಮೂರು ವಾರ, ಎದುರಾದಾನೆಂದು,
ಮೆಟ್ಟಿಲಲ್ಲೇ ಓಡಾಡಿದಳು, ಏಳರಲ್ಲಿ ಉಸಿರು ಹಿಡಿದು.

ಕೊನೆಗೆ ಅವನೇ ಬಾಗಿಲು ತಟ್ಟಿದ.
ಅಂಗೈಯಲ್ಲಿ ಇಪ್ಪತ್ತು ತೇತ್ರಿ.
"ಅವತ್ತು ನನ್ನ ಗೋಳಿನಲ್ಲಿ
ನಿನ್ನದು ಅರ್ಧಕ್ಕೆ ನಿಂತಿತು, ತಾಯಿ.
ಆ ಹೆಂಗಸು ಹೋದಳೋ ಇಲ್ಲವೋ?"

ಎಲಿಸೋ ಮನೆಯ ಚಪ್ಪಲಿಯಲ್ಲೇ ಹೊರಟಳು.
ಫೋನು ಚಾಚಿದೆ. ತೆಗೆದುಕೊಂಡು ಜೇಬಿಗಿಳಿಸಿದಳು;
ಅದರ ಕಣ್ಣು ಯಾವ ಕಡೆಗಿತ್ತೋ ನಾನು ನೋಡಲಿಲ್ಲ.
ಇಳಿಯುವುದು ಪುಕ್ಕಟೆ. ಇಳಿದರು,
ಮತ್ತೆ ಹತ್ತಲೆಂದು.

ಬಾಗಿಲ ಮೇಲಿನ ಅಂಕಿಗಳನ್ನೇ ನೋಡುತ್ತ ನಿಂತೆ.
ನಾಲ್ಕು. ಐದು.
ಆರು ಹತ್ತಿತು, ಆರಿತು.
ಏಳು.
ನೋದಾರ್ ಇಳಿಯಬೇಕಾದದ್ದು ಅಲ್ಲಿ.
ಇಳಿಯಲಿಲ್ಲ.